ಪುರಸಭೆಯ ಫಲಿತಾಂಶ: ಗೆದ್ದವರ ಹೆಸರು ತಿಳಿದರಷ್ಟೇ ಸಾಕೇ?

ಸ್ಥಳೀಯ ಸಂಸ್ಥೆಗಳ ಚುನಾವಣೆ ಮುಗಿದಾಗಲೆಲ್ಲ ನಮ್ಮ ಊರುಗಳಲ್ಲಿ ಕೇಳಿಬರುವ ಪ್ರಶ್ನೆಗಳು ಎರಡೇ. ಯಾವ ಪಕ್ಷಕ್ಕೆ ಎಷ್ಟು ಸ್ಥಾನ? ನಮ್ಮವರು ಎಷ್ಟು ಮಂದಿ ಗೆದ್ದರು? ಉತ್ತರ ಸಿಕ್ಕಿದೊಡನೆ ಒಂದು ಗುಂಪು ಮೆರವಣಿಗೆ ಹೊರಡುತ್ತದೆ, ಇನ್ನೊಂದು ಗುಂಪು ಮತ ವಿಭಜನೆಯಾಯಿತೆಂದು ಮರುಗುತ್ತದೆ. ವಾರ ಕಳೆಯುವಷ್ಟರಲ್ಲಿ ಎರಡೂ ಗುಂಪುಗಳು ಪುರಸಭೆಯನ್ನು ಮರೆತಿರುತ್ತವೆ. ನಳ್ಳಿಯ ನೀರು, ಬೀದಿಯ ಕಸ, ಮನೆ ಕಟ್ಟುವ ಪರವಾನಗಿ, ಅಂಗಡಿಯ ಲೈಸೆನ್ಸು, ಜನನ ಮರಣದ ದಾಖಲೆ, ಹೀಗೆ ಪಟ್ಟಣದ ಕುಟುಂಬವೊಂದರ ದಿನನಿತ್ಯದ ಬದುಕನ್ನು ಅತ್ಯಂತ ಸಮೀಪದಿಂದ ಮುಟ್ಟುವ ಆಡಳಿತದ ಬಗ್ಗೆ ನಮ್ಮ ಆಸಕ್ತಿಯ ಆಯುಷ್ಯ ಇಷ್ಟೇ. ಬಂಟ್ವಾಳ, ಬೆಳ್ತಂಗಡಿ ಮತ್ತು ಮೂಡಬಿದಿರೆಗಳ ಹಿಂದಿನ ಫಲಿತಾಂಶವನ್ನು ಮತ್ತೊಮ್ಮೆ ಓದಬೇಕಾದುದು ಈ ಕಾರಣಕ್ಕಾಗಿಯೇ.

ಆ ಫಲಿತಾಂಶದ ಹಿನ್ನೆಲೆಯನ್ನು ಮೊದಲು ನೆನಪಿಸಿಕೊಳ್ಳೋಣ. 2017ರಲ್ಲಿ ಬಂಟ್ವಾಳ ತಾಲೂಕು ವಾರಗಟ್ಟಲೆ ನಿಷೇಧಾಜ್ಞೆಯಡಿ ಬದುಕಿತ್ತು. ಕಲ್ಲಡ್ಕ ಮತ್ತು ಬಿ.ಸಿ. ರೋಡಿನ ಹೆಸರುಗಳು ದಿನವೂ ಪತ್ರಿಕೆಯ ಮುಖಪುಟದಲ್ಲಿದ್ದವು. 2018ರ ಮೇ ತಿಂಗಳ ವಿಧಾನಸಭಾ ಚುನಾವಣೆಯಲ್ಲಿ ದಕ್ಷಿಣ ಕನ್ನಡದ 8 ಕ್ಷೇತ್ರಗಳ ಪೈಕಿ 7ನ್ನು ಬಿಜೆಪಿ ಗೆದ್ದುಕೊಂಡಿತು. ಬಂಟ್ವಾಳದಲ್ಲಿ ಸಚಿವರಾಗಿದ್ದ ಬಿ. ರಮಾನಾಥ ರೈ, ಬೆಳ್ತಂಗಡಿಯಲ್ಲಿ ವಸಂತ ಬಂಗೇರ, ಮೂಡಬಿದಿರೆಯಲ್ಲಿ ಅಭಯಚಂದ್ರ ಜೈನ್ ಸೋಲು ಕಂಡರು. ಇನ್ನು ಈ ಜಿಲ್ಲೆಯಲ್ಲಿ ಯಾವ ಚುನಾವಣೆ ನಡೆದರೂ ಫಲಿತಾಂಶ ಒಂದೇ ಎಂದು ರಾಜಕೀಯ ಪಂಡಿತರು ಷರಾ ಬರೆದರು.

ಆದರೆ ಮೂರೂವರೆ ತಿಂಗಳ ಬಳಿಕ, 2018ರ ಸೆಪ್ಟೆಂಬರ್‌ನಲ್ಲಿ ಹೊರಬಿದ್ದ ಬಂಟ್ವಾಳ ಪುರಸಭೆಯ ಫಲಿತಾಂಶ ಬೇರೆಯೇ ಕಥೆ ಹೇಳಿತು. 27 ವಾರ್ಡುಗಳಲ್ಲಿ ಕಾಂಗ್ರೆಸ್ 12, ಬಿಜೆಪಿ 11, ಎಸ್‌ಡಿಪಿಐ 4. ಅದೇ ದಿನ ಎಣಿಕೆಯಾದ ಪುತ್ತೂರು ನಗರಸಭೆಯ 31 ಸ್ಥಾನಗಳಲ್ಲಿ ಬಿಜೆಪಿ 25ನ್ನು ಬಾಚಿಕೊಂಡಿತ್ತು. ಅಕ್ಟೋಬರ್ ಕೊನೆಯಲ್ಲಿ ಬೆಳ್ತಂಗಡಿ ಪಟ್ಟಣ ಪಂಚಾಯತ್‌ನ 11 ವಾರ್ಡುಗಳಲ್ಲಿ ಬಿಜೆಪಿಗೆ 7, ಕಾಂಗ್ರೆಸ್ಸಿಗೆ 4 ದೊರೆತವು. 2019ರ ಮೇ ಅಂತ್ಯದಲ್ಲಿ, ಲೋಕಸಭಾ ಚುನಾವಣೆಯ ಅಲೆ ಇನ್ನೂ ಇಳಿಯದಿದ್ದಾಗಲೇ, ಮೂಡಬಿದಿರೆ ಪುರಸಭೆಯ 23 ಸ್ಥಾನಗಳು 12 ಮತ್ತು 11ರಂತೆ ಬಿಜೆಪಿ ಹಾಗೂ ಕಾಂಗ್ರೆಸ್ ನಡುವೆ ಹಂಚಿಹೋದವು. ಒಂದೇ ಜಿಲ್ಲೆ, ಒಂದೇ ಕಾಲಘಟ್ಟ, ಆದರೆ ಊರಿಗೊಂದು ತೀರ್ಪು. ವಿಧಾನಸಭಾ ಕ್ಷೇತ್ರದಲ್ಲಿ ಹಳ್ಳಿಗಳೂ ಸೇರಿರುತ್ತವೆ ಎಂಬುದು ನಿಜ. ಆದರೂ ಮತದಾರನು ಎಲ್ಲ ಕಾಲದಲ್ಲೂ ಒಂದೇ ಘೋಷಣೆಗೆ ಓಗೊಡುವುದಿಲ್ಲ ಎಂಬುದನ್ನು ಈ ಅಂಕಿಗಳು ಸ್ಪಷ್ಟಪಡಿಸುತ್ತವೆ.

ಇದಕ್ಕೆ ಕಾರಣ ವಾರ್ಡಿನ ಗಾತ್ರದಲ್ಲಿದೆ. 2011ರ ಜನಗಣತಿಯಂತೆ ಬಂಟ್ವಾಳ ಪುರಸಭೆಯ ಜನಸಂಖ್ಯೆ ಸುಮಾರು 40 ಸಾವಿರ. ಅಂದರೆ ವಾರ್ಡೊಂದಕ್ಕೆ ಮಕ್ಕಳೂ ಸೇರಿ ಸರಾಸರಿ ಸಾವಿರದೈನೂರು ಮಂದಿ. ಬೆಳ್ತಂಗಡಿಯಲ್ಲಂತೂ ಈ ಸಂಖ್ಯೆ ಇದರ ಅರ್ಧದಷ್ಟೂ ಇಲ್ಲ. ಇಂತಹ ಕಡೆ ಅಭ್ಯರ್ಥಿ ಎಂದರೆ ಭಿತ್ತಿಚಿತ್ರದ ಮುಖವಲ್ಲ, ಮಳೆಗಾಲದಲ್ಲಿ ತೋಡು ಉಕ್ಕಿದಾಗ ಬಂದವನೋ ಬಾರದವನೋ ಎಂದು ಎಲ್ಲರಿಗೂ ತಿಳಿದಿರುವ ನೆರೆಮನೆಯವನು. ಹತ್ತಿಪ್ಪತ್ತು ಮನೆಗಳ ಒಲವು ಬದಲಾದರೆ ವಾರ್ಡಿನ ಫಲಿತಾಂಶವೇ ಬದಲಾಗಬಹುದು. ಹೀಗಿರುವಾಗ ನಮ್ಮ ಮೊಹಲ್ಲಾಗಳಲ್ಲಿ ನಡೆಯುವ ಪುರಸಭಾ ಪ್ರಚಾರ ದಿಲ್ಲಿಯ ಅಧಿಕಾರಕ್ಕಾಗಿ ನಡೆಯುವ ಕದನದಂತೆ ಏಕೆ ಕಾಣಿಸಬೇಕು?

ದೂರದ ಇಂಗ್ಲೆಂಡಿನಲ್ಲೂ ಇದೇ ಪ್ರಶ್ನೆ ಎದ್ದಿದೆ. 2024ರ ಮೇ ತಿಂಗಳಿನಲ್ಲಿ ಅಲ್ಲಿ ನಡೆದ ಸ್ಥಳೀಯ ಚುನಾವಣೆಯಲ್ಲಿ ಪಾಕಿಸ್ತಾನಿ ಮತ್ತು ಬಾಂಗ್ಲಾ ಮೂಲದ ಕುಟುಂಬಗಳು ಬಹಳವಾಗಿ ನೆಲೆಸಿರುವ ಓಲ್ಡ್‌ಹ್ಯಾಮ್‌ನಲ್ಲಿ ಲೇಬರ್ ಪಕ್ಷ ಕೌನ್ಸಿಲ್‌ನ ಬಹುಮತ ಕಳೆದುಕೊಂಡಿತು. ಗಾಝಾದ ಕುರಿತು ಪಕ್ಷ ತಳೆದ ನಿಲುವಿನ ಬಗೆಗಿನ ಅಸಮಾಧಾನ ಅದಕ್ಕೆ ಒಂದು ಮುಖ್ಯ ಕಾರಣವಾಗಿತ್ತು. ಗಾಝಾದ ಮಕ್ಕಳಿಗಾಗಿ ಮಿಡಿದ ಆ ಮತದಾರರ ಹೃದಯವನ್ನು ಯಾರೂ ಹಳಿಯಲಾರರು. ಆದರೆ ಓಲ್ಡ್‌ಹ್ಯಾಮ್‌ನ ಕೌನ್ಸಿಲ್‌ಗೆ ವಿದೇಶಾಂಗ ನೀತಿಯನ್ನು ನಿರ್ಧರಿಸುವ ಅಧಿಕಾರವಿಲ್ಲ. ಅದರ ಮುಂದಿರುವುದು ರಸ್ತೆ, ಕಸ ಮತ್ತು ಮನೆಗಳ ಪ್ರಶ್ನೆ. ಬಹುಮತ ಹೋದ ಬಳಿಕವೂ ಲೇಬರ್‌ನ ಅರೂಜ್ ಶಾ ಅವರೇ ಇತರ ಸದಸ್ಯರ ನೆರವಿನಿಂದ ಕೌನ್ಸಿಲ್‌ನ ನಾಯಕಿಯಾಗಿ ಮುಂದುವರಿದರು. ಮತದ ಮೂಲಕ ಸಂದೇಶ ರವಾನಿಸುವುದು ಪ್ರಜೆಯ ಹಕ್ಕು. ಸಂದೇಶ ತಲುಪಿದ ಮರುದಿನ ಕೌನ್ಸಿಲ್ ನಡೆಸಬೇಕಾದಾಗ ಮಾತ್ರ ಯಾರೊಡನೆ, ಯಾವ ಷರತ್ತಿನ ಮೇಲೆ ಕೈಜೋಡಿಸಬೇಕೆಂಬ ಲೆಕ್ಕ ಎದುರಾಗುತ್ತದೆ.

ಆ ಲೆಕ್ಕವನ್ನು ಬಂಟ್ವಾಳ ಬಹು ಸ್ಪಷ್ಟವಾಗಿ ಕಂಡಿದೆ. ನಮ್ಮ ರಾಜ್ಯದ ಪುರಸಭೆಗಳಲ್ಲಿ ಅಧ್ಯಕ್ಷರ ಆಯ್ಕೆಯಾಗುವಾಗ ಸ್ಥಳೀಯ ಶಾಸಕರಿಗೂ ಸಂಸದರಿಗೂ ಮತದಾನದ ಹಕ್ಕಿದೆ. ಬಿಜೆಪಿಯ 11 ಸದಸ್ಯರ ಜೊತೆ ಆ ಪಕ್ಷದ ಶಾಸಕ ಮತ್ತು ಸಂಸದರ ಮತ ಸೇರಿದರೆ 13. ಅತಿ ದೊಡ್ಡ ಪಕ್ಷವಾದ ಕಾಂಗ್ರೆಸ್ಸಿಗೆ 12 ಮಾತ್ರ. ಎಸ್‌ಡಿಪಿಐಯ ನಾಲ್ವರು ತಟಸ್ಥರಾಗಿ ಕುಳಿತಿದ್ದರೂ ಅಧಿಕಾರ ಕೈತಪ್ಪುತ್ತಿತ್ತು. 2020ರ ನವೆಂಬರ್‌ನಲ್ಲಿ ಆ ನಾಲ್ವರ ಬೆಂಬಲದಿಂದ ಕಾಂಗ್ರೆಸ್ ಪುರಸಭೆಯ ಚುಕ್ಕಾಣಿ ಹಿಡಿಯಿತು. 2024ರ ಎರಡನೆಯ ಅವಧಿಯಲ್ಲಿ ಅಧ್ಯಕ್ಷ ಸ್ಥಾನ ಕಾಂಗ್ರೆಸ್ಸಿಗೂ ಉಪಾಧ್ಯಕ್ಷ ಸ್ಥಾನ ಎಸ್‌ಡಿಪಿಐಗೂ ದಕ್ಕಿತು. ಮೂಡಬಿದಿರೆಯಲ್ಲಿ ಒಂದೇ ಸ್ಥಾನದ ಅಂತರವಿತ್ತೆಂದು ಹಲಹಲಿಸುವವರೂ ಈ ಲೆಕ್ಕ ಗಮನಿಸಬೇಕು. ಅಲ್ಲಿ ಕಾಂಗ್ರೆಸ್ ಇನ್ನೊಂದು ವಾರ್ಡು ಗೆದ್ದು ಅಂಕಿ ತಿರುಗುಮುರುಗಾಗಿದ್ದರೂ ಶಾಸಕ, ಸಂಸದರ ಮತ ಸೇರಿ ಬಿಜೆಪಿಯೇ 13 ತಲುಪುತ್ತಿತ್ತು.

ಚುನಾವಣೆಗೆ ಮುನ್ನ ಒಬ್ಬರನ್ನೊಬ್ಬರು ಸಮುದಾಯದ್ರೋಹಿಗಳೆಂದು ಕರೆದುಕೊಂಡವರು ಚುನಾವಣೆಯ ನಂತರ ಒಂದೇ ಪಂಕ್ತಿಯಲ್ಲಿ ಕೈಯೆತ್ತುವುದು ತಪ್ಪಲ್ಲ. ಅದು ಸಂಖ್ಯೆಯ ಅನಿವಾರ್ಯತೆ. ಆದರೆ ಅವರಿಗಾಗಿ ಅಣ್ಣ ತಮ್ಮಂದಿರೊಡನೆ ಮಾತು ಬಿಟ್ಟ ಮತದಾರನಿಗೆ ಇದರಿಂದ ಪಾಠವಿಲ್ಲವೇ? ಪಕ್ಷಗಳ ನಡುವಿನ ಜಗಳ ಮುಗಿದರೂ ಮಸೀದಿಯ ಸಫ್‌ನಲ್ಲಿ ಪಕ್ಕಪಕ್ಕ ನಿಲ್ಲುವವರ ನಡುವಿನ ಮುನಿಸು ವರ್ಷಗಟ್ಟಲೆ ಉಳಿಯುತ್ತದೆ. ಕಾಂಗ್ರೆಸ್ಸಿಗೆ ಮತ ನೀಡಿದವನು ಗುಲಾಮನಲ್ಲ, ಎಸ್‌ಡಿಪಿಐಗೆ ಮತ ನೀಡಿದವನು ಬಿಜೆಪಿಯ ಏಜೆಂಟನೂ ಅಲ್ಲ. ಎರಡೂ ಪಕ್ಷಗಳ ಮುಂದೆ ಇಡಬೇಕಾದ ಪ್ರಶ್ನೆ ಒಂದೇ: ಕೂಡಿ ಹಿಡಿದ ಅಧಿಕಾರದಿಂದ ಊರಿಗೇನು ಮಾಡಿದಿರಿ?

ಈ ಪ್ರಶ್ನೆಗೆ ಅವರು ನೀಡಬಹುದಾದ ಒಂದು ಉತ್ತರದಲ್ಲಿ ಸತ್ಯಾಂಶವೂ ಇದೆ. ಜನ ಆರಿಸಿದರೂ ಅವರಿಗೆ ಆಡಳಿತ ನಡೆಸುವ ಅವಕಾಶ ಬೇಗ ದೊರೆಯಲಿಲ್ಲ. ಅಧ್ಯಕ್ಷ, ಉಪಾಧ್ಯಕ್ಷ ಹುದ್ದೆಗಳ ಮೀಸಲಾತಿ ಪಟ್ಟಿ ನ್ಯಾಯಾಲಯದ ಮೆಟ್ಟಿಲೇರಿದ ಪರಿಣಾಮ 2018ರಲ್ಲಿ ಗೆದ್ದವರು 2020ರ ನವೆಂಬರ್‌ವರೆಗೆ ಹೆಸರಿಗಷ್ಟೇ ಸದಸ್ಯರಾಗಿದ್ದರು. ಮೊದಲ 30 ತಿಂಗಳ ಅವಧಿ 2023ರಲ್ಲಿ ಮುಗಿದ ಮೇಲೆ ಎರಡನೆಯ ಅವಧಿಯ ಮೀಸಲಾತಿ ಪ್ರಕಟವಾದುದು 2024ರ ಆಗಸ್ಟಿನಲ್ಲಿ. ಹೀಗೆ ಬಂಟ್ವಾಳದ ಮತದಾರನು 7 ವರ್ಷಗಳಲ್ಲಿ 3 ವರ್ಷಕ್ಕೂ ಹೆಚ್ಚು ಕಾಲ ಚುನಾಯಿತ ಅಧ್ಯಕ್ಷನಿಲ್ಲದ, ಸರಕಾರಿ ಆಡಳಿತಾಧಿಕಾರಿಯ ಕೈಕೆಳಗಿನ ಪುರಸಭೆಯನ್ನು ಕಂಡನು. ಈ ಅವಧಿಯಲ್ಲಿ ಬೆಂಗಳೂರಿನಲ್ಲಿ ಜೆಡಿಎಸ್ ಮತ್ತು ಕಾಂಗ್ರೆಸ್ಸಿನ ಮೈತ್ರಿ, ಆ ಬಳಿಕ ಬಿಜೆಪಿ, ಅನಂತರ ಕಾಂಗ್ರೆಸ್, ಹೀಗೆ ಮೂರೂ ಪಕ್ಷಗಳು ಅಧಿಕಾರ ಅನುಭವಿಸಿದವು. 74ನೆಯ ತಿದ್ದುಪಡಿಯ ಮೂಲಕ ಸಂವಿಧಾನ ಪಟ್ಟಣಗಳಿಗೆ ನೀಡಿದ ಸ್ವಯಮಾಡಳಿತದ ಹಕ್ಕನ್ನು ಮೊಟಕುಗೊಳಿಸುವಲ್ಲಿ ಅವರೆಲ್ಲರೂ ಪಾಲುದಾರರು. ವಿಪರ್ಯಾಸವೆಂದರೆ ನಾಲ್ಕು ಮತಗಳ ವಿಭಜನೆಗೆ ಕಿಡಿಕಾರುವ ನಾವು, ನಮ್ಮೆಲ್ಲರ ಮತವನ್ನೂ ಎರಡು ವರ್ಷ ಪೆಟ್ಟಿಗೆಯಲ್ಲಿಟ್ಟ ಈ ಅನ್ಯಾಯದ ಬಗ್ಗೆ ಬಾಯಿ ತೆರೆಯಲಿಲ್ಲ.

ಇನ್ನು ಕಸದ ವಿಷಯ. ಬಂಟ್ವಾಳ ಪುರಸಭೆಯ ತ್ಯಾಜ್ಯ ಘಟಕ ಇರುವುದು ಪುರಸಭೆಯ ಹೊರಗೆ, ಸಜಿಪನಡು ಗ್ರಾಮದ ಕಂಚಿನಡ್ಕಪದವಿನಲ್ಲಿ. ಅಲ್ಲಿನ ನಿವಾಸಿಗಳು ಅದನ್ನು ವಿರೋಧಿಸಿ ಬೀದಿಗಿಳಿದುದು ಗುಟ್ಟೇನಲ್ಲ. ಪಟ್ಟಣದವರ ಕಸ ಹಳ್ಳಿಯವರ ಅಂಗಳದ ಬಳಿ ಬೀಳುತ್ತದೆ, ಆದರೆ ಆ ಹಳ್ಳಿಯವರಿಗೆ ಪುರಸಭೆಯಲ್ಲಿ ಮತವಿಲ್ಲ. ಅವರ ಪರವಾಗಿ ಮಾತನಾಡಬೇಕಾದವರು ಪಟ್ಟಣದ ಮತದಾರರು, ಅಂದರೆ ನಾವು. ಹಸಿಕಸ ಒಣಕಸ ಬೇರ್ಪಡಿಸದೆ ಚೀಲ ಕಟ್ಟಿ ಹೊರಗಿಡುವ ಪ್ರತಿ ಮನೆಯೂ ಈ ಅನ್ಯಾಯದಲ್ಲಿ ಭಾಗಿ. ನೆರೆಯವನಿಗೆ ತನ್ನಿಂದ ತೊಂದರೆಯಾಗಬಾರದೆಂಬ ಬೋಧನೆ ಪುರಸಭೆಯ ಗಡಿಯಲ್ಲಿ ನಿಂತುಬಿಡುತ್ತದೆಯೇ? ನಮ್ಮ ಮತ ಕೇಳಲು ಬಂದ ಅಭ್ಯರ್ಥಿಗಳಲ್ಲಿ ನಮ್ಮ ಪೈಕಿ ಎಷ್ಟು ಮಂದಿ ಕಂಚಿನಡ್ಕಪದವಿನ ಕುರಿತು ಪ್ರಶ್ನಿಸಿದ್ದೇವೆ?

ಮಹಿಳೆಯರ ವಿಷಯದಲ್ಲಿಯೂ ಆತ್ಮಾವಲೋಕನ ಅಗತ್ಯ. ಕರ್ನಾಟಕದ ಸ್ಥಳೀಯ ಸಂಸ್ಥೆಗಳಲ್ಲಿ ಶೇ. 50 ಸ್ಥಾನಗಳು ಮಹಿಳೆಯರಿಗೆ ಮೀಸಲು. ಇದರಿಂದಾಗಿ ಮುಸ್ಲಿಮ್ ಮಹಿಳೆಯರೂ ಸದಸ್ಯೆಯರಾಗುತ್ತಿದ್ದಾರೆ. ಆದರೆ ಎಷ್ಟೋ ಕಡೆ ಗೆದ್ದ ಹೆಣ್ಣಿನ ಹೆಸರಿನಲ್ಲಿ ಕಚೇರಿಗೆ ಅಲೆಯುವವನು ಗಂಡ, ಫೋನು ಎತ್ತುವವನು ಗಂಡ, ಅಭಿನಂದನಾ ಸಭೆಯಲ್ಲಿ ಹಾರ ಹಾಕಿಸಿಕೊಳ್ಳುವವನೂ ಗಂಡ. ಇತ್ತ ನಮ್ಮ ಮನೆಗಳ ಅನೇಕ ಗಂಡಸರು ಕೊಲ್ಲಿ ರಾಷ್ಟ್ರಗಳಲ್ಲಿದ್ದಾರೆ. ಊರಿಗೆ ಬಾರದೆ ಅವರು ಮತ ಚಲಾಯಿಸುವಂತಿಲ್ಲ. ಆದ್ದರಿಂದ ಅನೇಕ ವಾರ್ಡುಗಳಲ್ಲಿ ನಿರ್ಣಾಯಕ ಮತ ಮನೆಯ ತಾಯಿಯದು, ಸೊಸೆಯದು. ಮನೆ, ಮಕ್ಕಳು, ಬ್ಯಾಂಕು ಎಲ್ಲವನ್ನೂ ಒಂಟಿಯಾಗಿ ನಿಭಾಯಿಸುವ ಈ ಹೆಣ್ಣುಮಕ್ಕಳಿಗೆ ಪುರಸಭೆಯ ಒಂದು ಕಡತವನ್ನು ಓದುವ ಸಾಮರ್ಥ್ಯವಿಲ್ಲವೆಂದು ತೀರ್ಮಾನಿಸಿದವರು ಯಾರು? ಮದುವೆಯಾಗಿ ಬೇರೆ ಊರಿಂದ ಬಂದ ಸೊಸೆಯ ಹೆಸರು ಮತದಾರರ ಪಟ್ಟಿಗೆ ವರ್ಗಾವಣೆಯಾಗಿದೆಯೇ ಎಂದು ಮತದಾನದ ಹಿಂದಿನ ದಿನ ವಿಚಾರಿಸಿದರೆ ಪ್ರಯೋಜನವೇನು?

ಹಾಗಾದರೆ ಮಾಡಬೇಕಾದುದೇನು? ಹಳ್ಳಿಯವನಿಗೆ ಗ್ರಾಮಸಭೆಯಿದೆ. ಅಲ್ಲಿ ಆತ ಎದ್ದುನಿಂತು ಪ್ರಶ್ನಿಸಬಲ್ಲ. ಪಟ್ಟಣದವನಿಗೆ ಆ ಭಾಗ್ಯವಿಲ್ಲ. ಸಂವಿಧಾನವು ವಾರ್ಡು ಸಮಿತಿಯನ್ನು ಕಡ್ಡಾಯಗೊಳಿಸಿರುವುದು 3 ಲಕ್ಷ ಮತ್ತು ಅದಕ್ಕಿಂತ ಹೆಚ್ಚು ಜನಸಂಖ್ಯೆಯ ನಗರಗಳಲ್ಲಿ ಮಾತ್ರ. ಬಂಟ್ವಾಳ, ಮೂಡಬಿದಿರೆ, ಬೆಳ್ತಂಗಡಿಗಳು ಆ ಲೆಕ್ಕಕ್ಕೆ ಬರುವುದಿಲ್ಲ. ಆದರೆ ಕಾನೂನು ಕಡ್ಡಾಯಗೊಳಿಸದಿದ್ದರೆ ಸೇರಬಾರದೆಂದೇನಿದೆ? ಆರು ತಿಂಗಳಿಗೊಮ್ಮೆ ವಾರ್ಡಿನ ಶಾಲೆಯಲ್ಲೋ ಸಭಾಭವನದಲ್ಲೋ ಹಿಂದೂ, ಮುಸ್ಲಿಮ್, ಕ್ರೈಸ್ತ ನಿವಾಸಿಗಳೆಲ್ಲರೂ ಜೊತೆಯಾಗಿ ತಮ್ಮ ಸದಸ್ಯನನ್ನು, ಸದಸ್ಯೆಯನ್ನು ಕರೆಸಿ ಲೆಕ್ಕ ಕೇಳಬಹುದು. ಬಜೆಟಿನಲ್ಲಿ ವಾರ್ಡಿಗೆ ಬಂದುದೆಷ್ಟು, ಖರ್ಚಾದುದೆಷ್ಟು, ಉಳಿದ ಕೆಲಸ ಯಾವುದು? ಉತ್ತರ ಸಿಗದಿದ್ದರೆ ಮಾಹಿತಿ ಹಕ್ಕಿನ ಅರ್ಜಿಯಿದೆ. ಮುಸ್ಲಿಮರು ಅಲ್ಪಸಂಖ್ಯೆಯಲ್ಲಿರುವ ವಾರ್ಡುಗಳಲ್ಲಿ ಇಂತಹ ಸಭೆಯ ಅಗತ್ಯ ಇನ್ನೂ ಹೆಚ್ಚು. ಅಲ್ಲಿ ನೆರೆಹೊರೆಯ ವಿಶ್ವಾಸವಿಲ್ಲದೆ ಯಾವ ಮತಗಣಿತವೂ ನಮ್ಮನ್ನು ಕಾಯಲಾರದು. ಚರಂಡಿಗಾಗಿ ಒಟ್ಟಿಗೆ ಕುಳಿತು ಅರ್ಜಿ ಬರೆದವರನ್ನು ಗಲಭೆಗಾಗಿ ಎತ್ತಿಕಟ್ಟುವುದು ಅಷ್ಟು ಸುಲಭವಲ್ಲ.

ಮುಂದಿನ ಚುನಾವಣೆಯಲ್ಲಿ ಮನೆಬಾಗಿಲಿಗೆ ಬರುವ ಅಭ್ಯರ್ಥಿ ಯಾವ ಪಕ್ಷದವನಾದರೂ ಆಗಿರಲಿ, ಯಾವ ಧರ್ಮದವನಾದರೂ ಆಗಿರಲಿ, ಮೂರು ಪ್ರಶ್ನೆಗಳನ್ನು ಕೇಳಿರಿ. ಗೆದ್ದರೆ ಆರು ತಿಂಗಳಿಗೊಮ್ಮೆ ಲೆಕ್ಕ ಒಪ್ಪಿಸುವಿರಾ? ನಮ್ಮ ಕಸ ಎಲ್ಲಿಗೆ ಹೋಗುತ್ತದೆಂದು ನೋಡಿದ್ದೀರಾ? ಮಹಿಳಾ ಅಭ್ಯರ್ಥಿಯಾದರೆ, ಸಭೆಗೆ ಬರುವವರು ನೀವೋ ನಿಮ್ಮ ಮನೆಯವರೋ? ಉತ್ತರಗಳನ್ನು ಬರೆದಿಟ್ಟುಕೊಂಡು, ಮತದಾನದ ಬೆಳಿಗ್ಗೆ ಮನೆಮಂದಿಯೆಲ್ಲ ಅದನ್ನು ಒಮ್ಮೆ ಓದಿ ಹೊರಡಿರಿ.