ಗೇಮ್‌ನ ಋಣ ಯಾಕೆ ಮುಚ್ಚಿಡಬೇಕು?

ಕನ್ನಡದ ಸಂಶೋಧನಾ ಪ್ರಬಂಧಗಳ ಕೊನೆಯಲ್ಲಿ ಒಂದು ಪಟ್ಟಿ ಇರುತ್ತೆ. ಎಷ್ಟೋ ಕಡೆ ಅದರ ತಲೆಬರಹ 'ಗ್ರಂಥಋಣ'. ನಾವು ಮಿನಿ ಪ್ರಾಜೆಕ್ಟ್ ರಿಪೋರ್ಟಿನಲ್ಲಿ 'ರೆಫರೆನ್ಸಸ್' ಅಂತ ಹಾಕೋ ಪುಟ ಅದೇ. ಆದರೆ ಕನ್ನಡ ಪದದಲ್ಲಿ ವಿಷಯ ಇನ್ನೂ ನೇರವಾಗಿದೆ: ಯಾರಿಂದ ತಗೊಂಡಿದ್ದೀರೋ ಅವರ ಹೆಸರು ಹೇಳಿ, ಅದು ಸಾಲ. ನಮ್ಮಂಥ ಇಂಗ್ಲಿಷ್ ಮೀಡಿಯಂ ಮಕ್ಕಳಿಗೂ 'ಋಣ' ಅಂದ್ರೆ ಏನು ಅಂತ ಬಿಡಿಸಿ ಹೇಳಬೇಕಾಗಿಲ್ಲ.

ನಮ್ಮ ಪ್ರಶ್ನೆ ಇಷ್ಟೇ. ಆ ಸಾಲ ಗ್ರಂಥದಿಂದ ಬಂದಿಲ್ಲ, ವಿಡಿಯೋ ಗೇಮ್‌ನಿಂದ ಬಂದಿದೆ ಅಂದ್ರೆ ಏನು ಮಾಡೋದು?

ಇದಕ್ಕೆ ಕ್ಯಾಂಪಸ್‌ನಲ್ಲಿ ಸಿಗೋ ಉತ್ತರ ಒಂದೇ. "ಬರೀಬೇಡ್ರೋ, ಎಕ್ಸ್‌ಟರ್ನಲ್ ನಗ್ತಾರೆ." ಹಾಗಾಗಿ ಗೇಮ್ ಆಡಿ ವಿಷಯ ಅರ್ಥ ಮಾಡಿಕೊಂಡವರ ಲಿಸ್ಟಿನಲ್ಲೂ ಗೇಮ್ ಇರಲ್ಲ. ಅದರ ಜಾಗದಲ್ಲಿ ಹಿಂದಿನ ಬ್ಯಾಚಿನ ರಿಪೋರ್ಟಿನಿಂದ ಇಳಿದು ಬಂದ, ಯಾರೂ ತೆರೆದೇ ನೋಡದ ನಾಲ್ಕು ಪೇಪರ್ ಇರುತ್ತೆ. ಓದದೇ ಇರೋ ಪೇಪರ್ ಹಾಕಿದರೆ ರಿಪೋರ್ಟಿಗೆ ತೂಕ, ನಿಜವಾಗಿ ಬಳಸಿದ ಗೇಮ್ ಹಾಕಿದರೆ ನಗೆಪಾಟಲು. ಇದು ಪೂರ್ತಿ ತಲೆಕೆಳಗು ಅಂತ ನಮ್ಮ ವಾದ. ಆಕರದ ಹೆಸರು ಬರೆಯೋದು ಅದಕ್ಕೆ ಸನ್ಮಾನ ಮಾಡಿ ಶಾಲು ಹೊದಿಸೋಕೆ ಅಲ್ಲ. ಅದು ವಿಳಾಸ. ಓದುಗ ಅಲ್ಲಿಗೆ ಹೋಗಿ, ನಾವು ಹೇಳಿದ್ದು ಹೌದಾ ಅಂತ ನೋಡಲಿ ಅನ್ನೋದೇ ಅದರ ಕೆಲಸ.

ಗೇಮ್ ಹೆಸರು ಬಂದರೆ ಜರ್ನಲ್‌ಗಳು ನಗುತ್ತವಾ? 2005ರ ಸೆಪ್ಟೆಂಬರ್‌ನಲ್ಲಿ ವರ್ಲ್ಡ್ ಆಫ್ ವಾರ್‌ಕ್ರಾಫ್ಟ್‌ನಲ್ಲಿ ಒಂದು ರೋಗ ಹರಡಿತು. ಹಕ್ಕಾರ್ ಅನ್ನೋ ಬಾಸ್ ಜೊತೆ ಹೊಡೆದಾಡುವವರಿಗೆ ಮಾತ್ರ ತಗುಲಬೇಕಾಗಿದ್ದ 'ಕರಪ್ಟೆಡ್ ಬ್ಲಡ್' ಅದು. ಆಟಗಾರರ ಸಾಕುಪ್ರಾಣಿಗಳ ಮೂಲಕ ಊರುಗಳಿಗೆ ಬಂದುಬಿಟ್ಟಿತು. ಕೆಲವರು ಬೇರೆಯವರನ್ನು ಗುಣಪಡಿಸೋಕೆ ಓಡಿದರು, ಕೆಲವರು ಊರು ಬಿಟ್ಟು ಓಡಿದರು, ಇನ್ನು ಕೆಲವರು ಬೇಕೂಂತಲೇ ಹಬ್ಬಿಸಿದರು. ಕ್ವಾರಂಟೈನ್ ಮಾಡಲು ನೋಡಿದರೂ ಜನ ಕೇಳಲಿಲ್ಲ. 2020ರಲ್ಲಿ ನಾವೆಲ್ಲ ಮನೆಯಲ್ಲಿ ಕೂತು ಆನ್‌ಲೈನ್ ಕ್ಲಾಸ್ ಕೇಳಿದವರು, ಈ ಮೂರೂ ಥರದ ಜನ ನಮಗೆ ಚೆನ್ನಾಗೇ ಗೊತ್ತು. ಈ ಘಟನೆ ಇಟ್ಟುಕೊಂಡು ಎರಿಕ್ ಲಾಫ್‌ಗ್ರೆನ್ ಮತ್ತು ನೀನಾ ಫೆಫರ್‌ಮನ್ 2007ರಲ್ಲಿ 'ದಿ ಲ್ಯಾನ್ಸೆಟ್ ಇನ್ಫೆಕ್ಷಿಯಸ್ ಡಿಸೀಸಸ್' ಜರ್ನಲ್‌ನಲ್ಲಿ ಲೇಖನ ಬರೆದರು. ಗೇಮ್ ಹೆಸರು ತೆಗೆದುಬಿಟ್ಟರೆ ಆ ಲೇಖನದಲ್ಲಿ ಏನೂ ಉಳಿಯಲ್ಲ.

ನಮ್ಮ ಕಂಪ್ಯೂಟರ್ ಸೈನ್ಸ್ ಬ್ರಾಂಚಿನವರಿಗೆ ಇನ್ನೂ ಹತ್ತಿರದ ಉದಾಹರಣೆ ಇದೆ. ಡೀಪ್ ರೀಇನ್ಫೋರ್ಸ್‌ಮೆಂಟ್ ಲರ್ನಿಂಗ್ ಅಂದಾಗ ಎಲ್ಲರೂ ಉಲ್ಲೇಖಿಸೋ ಡೀಪ್‌ಮೈಂಡ್‌ನ 2015ರ 'ನೇಚರ್' ಪೇಪರ್ 49 ಅಟಾರಿ ಗೇಮ್‌ಗಳ ಮೇಲೆ ನಿಂತಿದೆ. 2016ರಲ್ಲಿ ಗ್ರ್ಯಾಂಡ್ ಥೆಫ್ಟ್ ಆಟೋ 5ರಿಂದ ಸುಮಾರು 25,000 ಚಿತ್ರ ತೆಗೆದು, ರಸ್ತೆಯಲ್ಲಿ ಯಾವುದು ಕಾರು, ಯಾವುದು ಫುಟ್‌ಪಾತ್ ಅಂತ ಗುರುತಿಸುವ ಡೇಟಾಸೆಟ್ ಮಾಡಿದರು. ಈ ಪೇಪರ್‌ಗಳನ್ನು ಹೆಮ್ಮೆಯಿಂದ ಲಿಸ್ಟಿಗೆ ಹಾಕ್ತೀವಿ. ಅವು ಯಾವುದರ ಮೇಲೆ ನಿಂತಿವೆಯೋ ಅದನ್ನು ಹೆಸರಿಸೋಕೆ ಮಾತ್ರ ನಾಚಿಕೆ.

ಹಾಗಂತ ಆಡಿದ್ದನ್ನೆಲ್ಲ ಆಕರ ಅಂತ ತುಂಬಿಸಿ ಅಂತ ನಾವು ಹೇಳ್ತಿಲ್ಲ. ಇಲ್ಲೊಂದು ಗೆರೆ ಎಳೆಯಬೇಕು. ಗೇಮ್ ತನ್ನ ಬಗ್ಗೆ ತಾನು ಹೇಳಿದರೆ ಅದು ಮೊದಲ ದರ್ಜೆಯ ಸಾಕ್ಷಿ. ಪ್ರಪಂಚದ ಬಗ್ಗೆ ಹೇಳಿದರೆ ಅದು ಬರೀ ಒಬ್ಬರ ಮಾತು, ಬೇರೆ ಕಡೆ ತಾಳೆ ನೋಡಲೇಬೇಕು.

ಅಸ್ಯಾಸಿನ್ಸ್ ಕ್ರೀಡ್ ಯೂನಿಟಿ 2014ರಲ್ಲಿ ಬಂತು, ಕಥೆ ಫ್ರೆಂಚ್ ಕ್ರಾಂತಿಯ ಕಾಲದ್ದು. ಅದರಲ್ಲಿ ನೋಟ್ರ್ ಡಾಮ್ ಚರ್ಚನ್ನು ಎಷ್ಟು ಚೆನ್ನಾಗಿ ಮಾಡಿದ್ದಾರೆ ಅಂದ್ರೆ, 2019ರಲ್ಲಿ ಅದಕ್ಕೆ ಬೆಂಕಿ ಬಿದ್ದಾಗ 'ಈ ಗೇಮ್ ನೋಡಿಕೊಂಡೇ ಮತ್ತೆ ಕಟ್ಟುತ್ತಾರಂತೆ' ಅಂತ ಸುದ್ದಿ ಹಬ್ಬಿತು. ಆದರೆ ಗೇಮ್‌ನಲ್ಲಿ ನಾವು ಹತ್ತೋ ಆ ಚೂಪು ಶಿಖರ 1859ರಲ್ಲಿ ಮುಗಿದದ್ದು. ಕ್ರಾಂತಿಯ ಹೊತ್ತಿಗೆ ಹಳೇ ಶಿಖರವನ್ನು ಇಳಿಸುತ್ತಿದ್ದರು, ಹೊಸದು ಇನ್ನೂ ಹುಟ್ಟಿರಲಿಲ್ಲ. ಇನ್ನು ನಿಜವಾದ ಅಳತೆ ಬೇಕಿದ್ದರೆ ಆಂಡ್ರ್ಯೂ ಟ್ಯಾಲನ್ ಅನ್ನೋ ಕಲಾ ಇತಿಹಾಸಕಾರ ಲೇಸರ್ ಸ್ಕ್ಯಾನ್ ಮಾಡಿಟ್ಟಿದ್ದರು. ಹಾಗಾಗಿ '18ನೇ ಶತಮಾನದ ಪ್ಯಾರಿಸ್ ಹೀಗಿತ್ತು' ಅನ್ನೋದಕ್ಕೆ ಈ ಗೇಮ್ ಆಕರ ಆಗಲ್ಲ. '2014ರಲ್ಲಿ ಗೇಮ್ ಮಾಡಿದವರು ಹಳೇ ಪ್ಯಾರಿಸ್ಸನ್ನು ಹೇಗೆ ಕಲ್ಪಿಸಿಕೊಂಡರು' ಅನ್ನೋದಕ್ಕೆ ಇದಕ್ಕಿಂತ ಒಳ್ಳೆ ಆಕರ ಇಲ್ಲ.

ಹಾಸ್ಟೆಲ್‌ನಲ್ಲಿ ಲ್ಯಾನ್ ಹಾಕಿ ಆಡೋ ಏಜ್ ಆಫ್ ಎಂಪೈರ್ಸ್ 2 ಕೂಡ ಹಾಗೇ. 2022ರ 'ಡೈನಾಸ್ಟೀಸ್ ಆಫ್ ಇಂಡಿಯಾ'ದಲ್ಲಿ ದಕ್ಷಿಣ ಭಾರತಕ್ಕೆಲ್ಲ ಸೇರಿ 'ದ್ರಾವಿಡಿಯನ್ಸ್' ಅಂತ ಒಂದೇ ಪಂಗಡ, ಅವರ ಕಥಾನಾಯಕ ರಾಜೇಂದ್ರ ಚೋಳ. ಚಾಲುಕ್ಯರಿಗೆ, ಹೊಯ್ಸಳರಿಗೆ ಬೇರೆ ಪಂಗಡ ಇಲ್ಲ. ಇದನ್ನು ಇಟ್ಟುಕೊಂಡು ಕಲ್ಯಾಣದ ಚಾಲುಕ್ಯರ ಬಗ್ಗೆ ಬರೆದರೆ ತಪ್ಪು. ಕರ್ನಾಟಕದ ಇತಿಹಾಸ ದೊಡ್ಡ ಗೇಮ್‌ಗಳಲ್ಲಿ ಎಷ್ಟು ಕಾಣುತ್ತೆ ಅಂತ ಬರೆಯೋದಾದರೆ ಇದನ್ನು ಹೆಸರಿಸದೇ ಇದ್ದರೆ ತಪ್ಪು.

ಈಗ ನಮ್ಮ ಕಡೆಯ ಲೆಕ್ಕ. ಕೆರ್ಬಲ್ ಸ್ಪೇಸ್ ಪ್ರೋಗ್ರಾಂ ಆಡಿದವರಿಗೆ, ಮುಂದಿರೋ ನೌಕೆಯನ್ನು ಹಿಡಿಯೋಕೆ ವೇಗ ಕಡಿಮೆ ಮಾಡಿ ಕೆಳಗಿಳಿಯಬೇಕು ಅನ್ನೋದು ಕೈಗೇ ಗೊತ್ತಾಗುತ್ತೆ. ಆದರೆ ಅದರ ಕೆರ್ಬಿನ್ ಗ್ರಹದ ತ್ರಿಜ್ಯ 600 ಕಿ.ಮೀ., ನಮ್ಮ ಭೂಮಿಯದ್ದು ಸುಮಾರು 6,371 ಕಿ.ಮೀ. ಮೇಲ್ಮೈ ಗುರುತ್ವ ಮಾತ್ರ ಒಂದೇ. ಅದಕ್ಕೇ ಅಲ್ಲಿ ಕೆಳಗಿನ ಕಕ್ಷೆಗೆ ಸೆಕೆಂಡಿಗೆ ಸುಮಾರು 2.3 ಕಿ.ಮೀ. ಸಾಕು, ಇಲ್ಲಿ ಸುಮಾರು 7.8 ಬೇಕು. ಇನ್ನೂ ದೊಡ್ಡ ವಿಷಯ ಏನಂದ್ರೆ, ಗೇಮ್ ಒಂದು ಸಲಕ್ಕೆ ಒಂದೇ ಕಾಯದ ಗುರುತ್ವವನ್ನು ಲೆಕ್ಕ ಹಾಕುತ್ತೆ. ಎರಡು ಕಾಯಗಳ ಎಳೆತ ಒಟ್ಟಿಗೆ ಸೇರದಿದ್ದರೆ ಲಗ್ರಾಂಜ್ ಬಿಂದುವೇ ಇಲ್ಲ. ಅಂದ್ರೆ 2024ರ ಜನವರಿ 6ರಂದು ಇಸ್ರೋ ಆದಿತ್ಯ-ಎಲ್1 ಅನ್ನು ಕೂರಿಸಿದ ಆ ಕಕ್ಷೆಯನ್ನು ಮಾಮೂಲಿ ಕೆರ್ಬಲ್‌ನಲ್ಲಿ ಮಾಡೋಕೇ ಆಗಲ್ಲ. 'ಪ್ರಿನ್ಸಿಪಿಯಾ' ಅನ್ನೋ ಮಾಡ್ ಹಾಕಿದರೆ ಎಲ್ಲ ಕಾಯಗಳ ಎಳೆತ ಸೇರುತ್ತೆ, ಆಗ ಕಥೆಯೇ ಬೇರೆ. ರಿಪೋರ್ಟಿನಲ್ಲಿ 'ಸಿಮ್ಯುಲೇಷನ್ ಮಾಡಿದೆವು' ಅಂತ ಮಾತ್ರ ಬರೆದು ಗೇಮ್ ಹೆಸರು ಮುಚ್ಚಿಟ್ಟರೆ, ಈ ಮಿತಿ ಓದುವವರಿಗೆ ಗೊತ್ತಾಗೋದಾದರೂ ಹೇಗೆ? ಮರ್ಯಾದೆ ಉಳಿಸಿಕೊಳ್ಳೋಕೆ ಹೋಗಿ ನಾವು ಮುಚ್ಚಿಡೋದು ನಮ್ಮ ಲೆಕ್ಕದ ಅಸಂಪ್ಷನ್‌ಗಳನ್ನೇ.

ಹೆಸರು ಸರಿಯಾಗಿ ಬರೆಯದಿದ್ದರೆ ಏನಾಗುತ್ತೆ ಅನ್ನೋದಕ್ಕೆ ಗಾಂಧಿ ಕಥೆಗಿಂತ ಒಳ್ಳೆ ಸಾಕ್ಷಿ ಬೇಡ. ಇಂಟಿಜರ್ ಓವರ್‌ಫ್ಲೋ ಹೇಳಿಕೊಡುವಾಗ ಇದು ಬಂದೇ ಬರುತ್ತೆ: 1991ರ ಸಿವಿಲೈಸೇಷನ್‌ನಲ್ಲಿ ಗಾಂಧಿಯ ಆಕ್ರಮಣಶೀಲತೆ 1 ಇತ್ತಂತೆ, ಪ್ರಜಾಪ್ರಭುತ್ವ ಬಂದಾಗ 2 ಕಳೆದರಂತೆ, ಎಂಟು ಬಿಟ್‌ನಲ್ಲಿ ಅದು 255 ಆಗಿ ಗಾಂಧಿ ಅಣುಬಾಂಬ್ ಹಾಕಿದರಂತೆ. ಲೆಕ್ಕ ಸರಿ. ಆದರೆ ಗೇಮ್ ಮಾಡಿದ ಸಿಡ್ ಮೇಯರ್ 2020ರ ತಮ್ಮ ಆತ್ಮಕಥನದಲ್ಲಿ ಅಂಥ ಬಗ್ ಇರಲೇ ಇಲ್ಲ ಅಂದಿದ್ದಾರೆ. 2010ರ ಸಿವಿಲೈಸೇಷನ್ 5ರಲ್ಲಿ ಮಾತ್ರ ಗಾಂಧಿಗೆ ಅಣುಬಾಂಬಿನ ಒಲವನ್ನು ಬೇಕೂಂತಲೇ ಜಾಸ್ತಿ ಇಟ್ಟಿದ್ದರು. ಎಲ್ಲರೂ ಗೇಮ್ ಬಗ್ಗೆ ಮಾತಾಡಿದರು, ಯಾವ ಗೇಮ್, ಎಷ್ಟನೇ ಭಾಗ, ಎಲ್ಲಿ ನೋಡಿದ್ದು ಅಂತ ಮಾತ್ರ ಯಾರೂ ಕೇಳಲಿಲ್ಲ. ಗೇಮ್ ಅನ್ನೋ ಕಾರಣಕ್ಕೆ ಆಕರದ ಶಿಸ್ತು ಬೇಡ ಅಂದುಕೊಂಡಿದ್ದರಿಂದಲೇ ಗಾಳಿಸುದ್ದಿ ಪಾಠವಾಯಿತು.

ಗೈಡ್‌ಗಳ ಆಕ್ಷೇಪದಲ್ಲೂ ಹುರುಳಿದೆ, ಅದನ್ನು ತಳ್ಳಿಹಾಕಲ್ಲ. ಪುಸ್ತಕಕ್ಕೆ ಪುಟ ಸಂಖ್ಯೆ ಇದೆ, ಗೇಮ್‌ಗೆ ಇಲ್ಲ. ಅಪ್‌ಡೇಟ್ ಬಂದರೆ ನಿನ್ನೆ ಇದ್ದದ್ದು ಇವತ್ತು ಇರಲ್ಲ. ಸರ್ವರ್ ಮುಚ್ಚಿದರೆ ಪೂರ್ತಿ ಮಾಯ. ನಲವತ್ತು ರಿಪೋರ್ಟ್ ನೋಡಬೇಕಾದ ಮೇಡಂ ಒಂದು ಗೇಮ್ ಇನ್‌ಸ್ಟಾಲ್ ಮಾಡಿ ಮೂವತ್ತು ಗಂಟೆ ಆಡೋಕಾಗುತ್ತಾ? ಆಗಲ್ಲ. ಹಾಗಾಗಿ ತೋರಿಸೋ ಹೊಣೆ ನಮ್ಮದು. ಗೇಮ್ ಹೆಸರು, ಮಾಡಿದ ಸ್ಟುಡಿಯೋ, ವರ್ಷ, ವರ್ಷನ್ ನಂಬರ್, ಪಿಸಿಯೋ ಮೊಬೈಲೋ, ಯಾವ ಮಾಡ್ ಹಾಕಿದ್ದೆವು, ಯಾವ ಲೆವೆಲ್ ಅಥವಾ ಮಿಷನ್, ಇಷ್ಟು ಬರೆಯಬೇಕು. ಸ್ಕ್ರೀನ್‌ಶಾಟ್ ಅನುಬಂಧದಲ್ಲಿ, ಸೇವ್ ಫೈಲ್ ಡ್ರೈವ್‌ನಲ್ಲಿ ಇಡಬೇಕು. ಇದೇನೂ ನಾವು ಕಂಡುಹಿಡಿದ ನಿಯಮ ಅಲ್ಲ. ಎಪಿಎ, ಎಂಎಲ್ಎ ಎರಡೂ ಶೈಲಿಗಳಲ್ಲಿ ವಿಡಿಯೋ ಗೇಮ್ ಉಲ್ಲೇಖಿಸೋ ಕ್ರಮ ಈಗಾಗಲೇ ಇದೆ.

ಇನ್ನೊಂದು ಮಾತು ನಮ್ಮನಮ್ಮಲ್ಲೇ. ಯೂಟ್ಯೂಬ್‌ನಲ್ಲಿ ಯಾರೋ ಆಡಿದ್ದು ನೋಡಿ ಗೇಮ್ ಹೆಸರು ಬರೆಯೋದೂ ಓದದ ಪೇಪರ್ ಬರೆದಂತೆಯೇ. ವಿಡಿಯೋ ನೋಡಿದ್ದರೆ ವಿಡಿಯೋ ಹೆಸರು ಬರೆಯಿರಿ. ಕಕ್ಷೆಯ ಸೂತ್ರ ಟೆಕ್ಸ್ಟ್‌ಬುಕ್‌ನಿಂದ ತಗೊಂಡಿದ್ದರೆ ಆ ಪುಸ್ತಕ ಇರಲಿ, ಮಾಡಿ ನೋಡಿದ್ದು ಗೇಮ್‌ನಲ್ಲಿ ಅಂದ್ರೆ ಗೇಮ್ ಇರಲಿ. ಎರಡೂ ಪಕ್ಕಪಕ್ಕ ಕೂತರೆ ಪುಸ್ತಕದ ಮಾನ ಏನೂ ಹೋಗಲ್ಲ.

ಗೈಡ್‌ಗಳಲ್ಲಿ ನಮ್ಮ ಕೋರಿಕೆ ಚಿಕ್ಕದು. ಲಿಸ್ಟಿನಲ್ಲಿ ಗೇಮ್ ಹೆಸರು ಕಂಡಾಗ ಕೆಂಪು ಪೆನ್ ತೆಗೆಯೋ ಮುಂಚೆ ಒಂದು ಪ್ರಶ್ನೆ ಕೇಳಿ: "ಇದರಿಂದ ಏನು ತಗೊಂಡ್ರಿ, ತೋರಿಸಿ." ತೋರಿಸೋಕಾಗದಿದ್ದರೆ ಹೊಡೆದುಹಾಕಿ, ನಾವು ಬೇಜಾರು ಮಾಡ್ಕೊಳ್ಳಲ್ಲ. ಅದೇ ಪ್ರಶ್ನೆಯನ್ನು ಲಿಸ್ಟಿನ ಉಳಿದ ಹದಿನಾಲ್ಕು ಪೇಪರ್‌ಗಳಿಗೂ ಕೇಳಿ.