ಡಾಂಗ್‌ಡುಟ್‌ಗೆ ಮಡಿ ಉಡಿಸಲು ಹೊರಟವರು

ಇಂಡೊನೇಷ್ಯಾದ ಡಾಂಗ್‌ಡುಟ್ ಹಾಡನ್ನು ಮೊದಲ ಸಲ ಕೇಳಿದ ಭಾರತೀಯರಿಗೆ ಇದನ್ನು ಎಲ್ಲೋ ಕೇಳಿದ್ದೇವಲ್ಲ ಅನ್ನಿಸಿದರೆ ಅದು ಭ್ರಮೆಯಲ್ಲ. 1950ರ ದಶಕದಲ್ಲಿ ಹಿಂದಿ ಸಿನಿಮಾಗಳಿಗೆ ಅಲ್ಲಿನ ಜನ ಮುಗಿಬೀಳುತ್ತಿದ್ದರು. ಮಲಯ ವಾದ್ಯಗೋಷ್ಠಿಗಳು ಆ ಧಾಟಿಗಳನ್ನು ಸಲೀಸಾಗಿ ತಮ್ಮದಾಗಿಸಿಕೊಂಡವು. ಎಲ್ಯಾ ಖಾದಾಂ ಎಂಬ ಗಾಯಕಿ ಹೆಸರು ಮಾಡಿದ್ದೇ ಭಾರತದ ಬೊಂಬೆಯೊಂದರ ಮೇಲಿನ ಹಾಡಿನಿಂದ. ಡಾಂಗ್‌ಡುಟ್‌ನ ಜೀವ ಇರುವುದು ಗೆಂಡಾಂಗ್ ಎಂಬ ಜೋಡಿ ಚರ್ಮವಾದ್ಯದಲ್ಲಿ. ದೊಡ್ಡದರ ಮೇಲೆ ಅಂಗೈ ಒತ್ತಿ ನಾದವನ್ನು ಜಾರಿಸುವುದು ಥೇಟ್ ತಬಲದ ಡಗ್ಗದ ರೀತಿ.

ಕೂಲಿಯವರ, ಕೊಳೆಗೇರಿಯವರ ಹಾಡೆಂದು ನಗರದ ಸ್ಥಿತಿವಂತರು ಇದಕ್ಕೆ ಮೂಗು ಮುರಿದರು. 1970ರ ದಶಕದಲ್ಲಿ ಗಾಯಕ ರೋಮಾ ಇರಾಮ ರಾಕ್ ಗಿಟಾರನ್ನೂ ಇಸ್ಲಾಮಿನ ನೀತಿಬೋಧೆಯನ್ನೂ ಬೆರೆಸಿ ಅದಕ್ಕೊಂದು ಮರ್ಯಾದೆ ತಂದುಕೊಟ್ಟರು. ಆದರೆ 1977ರ ಚುನಾವಣೆಯಲ್ಲಿ ಅಧ್ಯಕ್ಷ ಸುಹಾರ್ತೊ ವಿರುದ್ಧದ ಮುಸ್ಲಿಂ ಪಕ್ಷದ ಪರ ನಿಂತದ್ದಕ್ಕೆ ಸರ್ಕಾರಿ ಟಿವಿ ಅವರಿಗೆ ಬಾಗಿಲು ಹಾಕಿತು. ಕ್ಯಾಸೆಟ್ಟು ಮಾತ್ರ ಊರೂರಲ್ಲಿ ಮೊಳಗುತ್ತಲೇ ಇತ್ತು.

ಅದೇ ರೋಮಾ 2003ರಲ್ಲಿ ಬಾಗಿಲು ಹಾಕುವವರ ಸಾಲಿಗೆ ಬಂದು ನಿಂತರು. ಪೂರ್ವ ಜಾವಾದ ಪಸುರುವಾನ್‌ನ ಇನುಲ್ ದಾರತಿಸ್ತಾ ಮದುವೆ ಮನೆಗಳಲ್ಲಿ, ಹಳ್ಳಿ ವೇದಿಕೆಗಳಲ್ಲಿ ಹಾಡುತ್ತಿದ್ದ ಹುಡುಗಿ. ಡ್ರಿಲ್ಲಿಂಗ್ ಯಂತ್ರದ ಹೆಸರು ಅಂಟಿಕೊಂಡ ಅವಳ ಸೊಂಟದ ಕುಣಿತವನ್ನು ಯಾರೋ ಚಿತ್ರೀಕರಿಸಿದರು, ನಕಲಿ ವಿಸಿಡಿಗಳು ದೇಶವಿಡೀ ಮಾರಾಟವಾದವು. ರೋಮಾ ಅದನ್ನು ಖಂಡಿಸಿದರು, ಉಲೇಮಾ ಮಂಡಳಿಯೂ ಕಣ್ಣು ಕೆಂಪಗೆ ಮಾಡಿತು. ಸ್ವತಃ ದೊಡ್ಡ ಧರ್ಮವಿದ್ವಾಂಸರಾದ ಮಾಜಿ ಅಧ್ಯಕ್ಷ ಅಬ್ದುರ್‍ರಹಮಾನ್ ವಾಹಿದ್ ಅವಳ ಬೆನ್ನಿಗೆ ನಿಂತರು. ಇನುಲ್ ಮೂಲೆಗುಂಪಾಗಲಿಲ್ಲ, ಮುಂದೆ ಕರೋಕೆ ಮಳಿಗೆಗಳ ಸರಣಿಯನ್ನೇ ತೆರೆದಳು.

ಹೀಗೆ ಅದುಮಿದಷ್ಟೂ ಇದು ಮೇಲೇಳುವುದೇಕೆ? ಹಣ ಬರುವ ದಾರಿ ನೋಡಿದರೆ ಗೊತ್ತಾಗುತ್ತದೆ. ನಮ್ಮ ಉತ್ತರ ಕರ್ನಾಟಕದ ಆಟಗಳಲ್ಲಿ ಆಯೇರಿ ಮಾಡುವಂತೆ ಅಲ್ಲಿ ಪ್ರೇಕ್ಷಕ ವೇದಿಕೆ ಹತ್ತಿ, ಕುಣಿಯುತ್ತಾ, ಒಂದೊಂದೇ ನೋಟನ್ನು ಗಾಯಕಿಯ ಕೈಗಿಡುತ್ತಾನೆ. ಜನರೇ ನೇರವಾಗಿ ಸಾಕುವ ಕಲೆಯನ್ನು ಟಿವಿ ನಿಷೇಧ ಏನು ಮಾಡೀತು? ಪೂರ್ವ ಜಾವಾದ ವೇದಿಕೆಗಳೇ ಗೆಂಡಾಂಗಿನ ಲಯವನ್ನು ಚುರುಕುಗೊಳಿಸಿ 'ಕೊಪ್ಲೊ' ಶೈಲಿ ಕಟ್ಟಿದವು. ಈಗ ವಿಸಿಡಿಯ ಜಾಗದಲ್ಲಿ ಯೂಟ್ಯೂಬ್ ಇದೆ, ಹಾಡುಗಳೂ ಹೆಚ್ಚಾಗಿ ಜಾವಾ ಭಾಷೆಗೆ ಹೊರಳಿವೆ.

2018ರ ಏಷ್ಯನ್ ಗೇಮ್ಸ್‌ನ ಅಧಿಕೃತ ಗೀತೆಯನ್ನು ಹಾಡಿದ್ದು ಕೊಪ್ಲೊ ಗಾಯಕಿ ವಿಯಾ ವಾಲೆನ್. 2022ರ ಆಗಸ್ಟ್ 17ರಂದು ಜಕಾರ್ತದ ಅರಮನೆಯಲ್ಲಿ ಬನ್ಯುವಾಂಗಿಯ ಬಾಲಕ ಫಾರೆಲ್ ಪ್ರಯೋಗ ಜಾವಾ ಭಾಷೆಯ ಪ್ರೇಮಗೀತೆ ಹಾಡಿದಾಗ ಸಚಿವರೇ ಎದ್ದು ಹೆಜ್ಜೆ ಹಾಕಿದರು. ಇದನ್ನು ಡಾಂಗ್‌ಡುಟ್‌ನ ಗೆಲುವೆಂದು ಪೂರ್ತಿ ಒಪ್ಪಲು ನನಗೆ ಮನಸ್ಸಿಲ್ಲ. ಚುನಾವಣೆ ಬಂದರೆ ಜನ ಸೇರಿಸಲು ಪಕ್ಷಗಳಿಗೆ ಡಾಂಗ್‌ಡುಟ್ ಗಾಯಕಿ ಬೇಕು. ಮತ ಎಣಿಸಿ ಮುಗಿದ ಮೇಲೆ ಅದೇ ನಾಯಕರು ಸಭ್ಯತೆಯ ಪಾಠ ಹೇಳುವುದೂ ಅವಳಿಗೇ.