ಎಕ್ಕದ ಪರವಾಗಿ ಒಂದು ವಕಾಲತ್ತು

ಕನ್ನಡದ ಬೈಗುಳಗಳಲ್ಲಿ ಎಕ್ಕದಷ್ಟು ಹೆಸರು ಕೆಡಿಸಿಕೊಂಡ ಗಿಡ ಇನ್ನೊಂದಿರಲಾರದು. ‘ಎಕ್ಕುಟ್ಟಿ ಹೋಗು’ ಎಂದರೆ ನಿನ್ನ ಮನೆ ಪಾಳುಬಿದ್ದು ಅಲ್ಲಿ ಎಕ್ಕ ಹುಟ್ಟಲಿ ಎಂದರ್ಥ. ಕಾಂಪೌಂಡಿನೊಳಗೆ ಒಂದು ಎಕ್ಕದ ಸಸಿ ತಲೆಯೆತ್ತಿದರೆ ಸಾಕು, ಬೇರುಸಹಿತ ಕಿತ್ತು ರಸ್ತೆಗೆಸೆಯುತ್ತೇವೆ. ಅದೇ ನಾವು ರಥಸಪ್ತಮಿಯ ಬೆಳಿಗ್ಗೆ ತಲೆ, ಭುಜಗಳ ಮೇಲಿಟ್ಟು ಸ್ನಾನ ಮಾಡಲು ಎಕ್ಕದ ಎಲೆಗಾಗಿ ಬೀದಿ ಬೀದಿ ಹುಡುಕುತ್ತೇವೆ. ಶನಿವಾರ ಆಂಜನೇಯನಿಗೆ ಎಕ್ಕದ ಹಾರ ಬೇಕು, ಗಣಪತಿಗೆ ಬಿಳಿ ಎಕ್ಕ ಬೇಕು. ಮೂರನೆಯ ಮದುವೆಗೆ ಹೊರಟ ಗಂಡಸಿನ ಕಂಟಕ ಹೊರಲು ಅರ್ಕವಿವಾಹದಲ್ಲಿ ಹೆಂಡತಿಯಾಗಿ ನಿಲ್ಲುವುದೂ ಇದೇ ಗಿಡ! ಬೇಕಾದಾಗ ದೇವರ ಗಿಡ, ಬೇಡವಾದಾಗ ದರಿದ್ರದ ಗಿಡ. ಇಂಥ ನ್ಯಾಯ ಹೆಂಗಸರಾದ ನಮಗೆ ಹೊಸದೇನಲ್ಲ.

ಆದರೆ ನನ್ನ ತಕರಾರು ಶಾಸ್ತ್ರದ ಮೇಲಲ್ಲ, ಚಿಟ್ಟೆಗಳ ಮೇಲಿನ ನಮ್ಮ ಹುಸಿ ಪ್ರೀತಿಯ ಮೇಲೆ. ತೋಟಕ್ಕೆ ಚಿಟ್ಟೆ ಬರಲೆಂದು ನರ್ಸರಿಯಿಂದ ಬಣ್ಣಬಣ್ಣದ ಹೂಗಿಡ ತರುತ್ತೇವೆ. ಎಲೆಯಲ್ಲಿ ಒಂದು ಹುಳು ಕಂಡರೆ ಔಷಧಿ ಹೊಡೆಯುತ್ತೇವೆ. ಆ ಹುಳುವೇ ನಾಳಿನ ಚಿಟ್ಟೆಯಲ್ಲವೇ? ಹೂವು ಚಿಟ್ಟೆಗೆ ಬರೀ ಹೋಟೆಲು. ಬಾಣಂತನಕ್ಕೆ ಅದರ ತವರುಮನೆ ಬೇರೆಯೇ ಇದೆ.

ಕಿತ್ತಳೆ ಬಣ್ಣದ, ರೆಕ್ಕೆಯ ತುದಿಯಲ್ಲಿ ಕಪ್ಪು ಬಿಳುಪಿನ ಚಿತ್ತಾರವಿರುವ ಚಿಟ್ಟೆಯನ್ನು ನೀವೆಲ್ಲ ನೋಡಿಯೇ ಇರುತ್ತೀರಿ. ಇಂಗ್ಲಿಷಿನಲ್ಲಿ ಅದು ಪ್ಲೇನ್ ಟೈಗರ್. ಅದರ ತವರು ಎಕ್ಕ. ಹೆಣ್ಣು ಚಿಟ್ಟೆ ಮುಂಗಾಲಿನಿಂದ ಎಲೆಯನ್ನು ತಟ್ಟಿ ರುಚಿ ಹಿಡಿದು, ಇದೇ ಸರಿಯೆಂದು ಖಾತ್ರಿಯಾದ ಮೇಲೆ ಒಂದೊಂದೇ ಮೊಟ್ಟೆಯಿಡುತ್ತದೆ. ಕಪ್ಪು, ಬಿಳಿ, ಹಳದಿ ಪಟ್ಟೆಯ ಮರಿ ಎಕ್ಕದ ಹಾಲಿನ ವಿಷವನ್ನೇ ಉಂಡು ಮೈಯಲ್ಲಿ ತುಂಬಿಕೊಳ್ಳುತ್ತದೆ. ಒಮ್ಮೆ ಕಚ್ಚಿ ಉಗುಳಿದ ಹಕ್ಕಿ ಮತ್ತೆ ಅದರ ತಂಟೆಗೆ ಬರುವುದಿಲ್ಲ. ಇನ್ನೊಂದು ಜಾತಿಯ ಚಿಟ್ಟೆಯಲ್ಲಂತೂ ಗಂಡು ಕಪ್ಪಗಿದ್ದರೂ ಹೆಣ್ಣು ಈ ಪ್ಲೇನ್ ಟೈಗರ್‌ನ ವೇಷ ಹಾಕಿಕೊಂಡು ಜೀವ ಉಳಿಸಿಕೊಳ್ಳುತ್ತದೆ!

ಸಿಕ್ಕಿದ ಗಿಡ ನೆಟ್ಟರಾಯಿತೆಂಬುದು ಎಷ್ಟು ತಪ್ಪು ಎಂಬುದಕ್ಕೆ ಅಮೆರಿಕದ ಕಥೆಯಿದೆ. ಅಲ್ಲಿನ ಮೊನಾರ್ಕ್ ನಮ್ಮ ಈ ಚಿಟ್ಟೆಗೆ ದಾಯಾದಿ. ಚಳಿಗಾಲಕ್ಕೆ ಮುನ್ನ ಹೊರಟು, ನಾಲ್ಕು ಸಾವಿರ ಕಿಲೋಮೀಟರಿನವರೆಗೂ ಹಾರಿ ಮೆಕ್ಸಿಕೋದ ಬೆಟ್ಟದ ಕಾಡು ಸೇರುತ್ತದೆ. ಅದರ ಮರಿಗೆ ಎಕ್ಕದ ಬಳಗದ ಮಿಲ್ಕ್‌ವೀಡ್ ಬಿಟ್ಟರೆ ಬೇರೆ ಅನ್ನವಿಲ್ಲ. ಹೊಲಗಳಲ್ಲಿ ಕಳೆನಾಶಕ ಹೊಡೆದು ಆ ಗಿಡ ಕಡಿಮೆಯಾಯಿತು, ಚಿಟ್ಟೆಯೂ ಕಡಿಮೆಯಾಯಿತು. 2022ರಲ್ಲಿ ಐಯುಸಿಎನ್ ಸಂಸ್ಥೆ ವಲಸೆಯ ಮೊನಾರ್ಕನ್ನು ಅಳಿವಿನಂಚಿನ ಪಟ್ಟಿಗೆ ಸೇರಿಸಿತು. 2023ರಲ್ಲಿ ಅಪಾಯವನ್ನು ಒಂದು ಮೆಟ್ಟಿಲು ಮಾತ್ರ ತಗ್ಗಿಸಿತು. ಮರುಕಪಟ್ಟ ಜನ ಹಿತ್ತಲಲ್ಲಿ ಮಿಲ್ಕ್‌ವೀಡ್ ನೆಟ್ಟರು. ಆದರೆ ಅಂಗಡಿಯಲ್ಲಿ ಸುಲಭವಾಗಿ ಸಿಕ್ಕಿದ್ದು ಕೆಂಪು-ಹಳದಿ ಹೂವಿನ ಉಷ್ಣವಲಯದ ಜಾತಿ. ಅಲ್ಲಿನ ನಾಡಗಿಡಗಳು ಚಳಿಗೆ ಒಣಗಿ ವಸಂತದಲ್ಲಿ ಚಿಗುರುತ್ತವೆ. ಇದು ಟೆಕ್ಸಾಸ್, ಫ್ಲಾರಿಡಾಗಳ ಬೆಚ್ಚನೆಯ ಜಾಗದಲ್ಲಿ ವರ್ಷವಿಡೀ ಹಸಿರು. ಎಲೆಯ ಮೇಲೆ ಪರೋಪಜೀವಿ ಸೇರುತ್ತಾ ಹೋಗಿ ಮರಿಗಳಿಗೆ ರೋಗ ತಗಲುತ್ತದೆ. ಕೆಲವು ಚಿಟ್ಟೆಗಳು ಪ್ರಯಾಣ ಬಿಟ್ಟು ಅಲ್ಲೇ ಉಳಿಯುತ್ತವೆ. ಆ ನೆಲದ್ದೇ ಗಿಡ ನೆಡಿ, ಇಲ್ಲವೇ ಚಳಿಗಾಲಕ್ಕೆ ಮುಂಚೆ ಇದನ್ನು ಬುಡಕ್ಕೆ ಕತ್ತರಿಸಿ ಎಂದು ತಿಳಿದವರು ಈಗ ಹೇಳುತ್ತಿದ್ದಾರೆ.

ಆ ಕೆಂಪು-ಹಳದಿ ಗಿಡ ನಮ್ಮಲ್ಲೂ ಬಂದು ಬೇರೂರಿದೆ. ನಮ್ಮ ಚಿಟ್ಟೆ ಅದನ್ನೂ ತಿನ್ನುತ್ತದೆ, ನಿಜ. ಆದರೆ ನೀರು ಗೊಬ್ಬರ ಕೇಳದ, ಬಿಸಿಲಿಗೆ ಬಾಡದ ಎಕ್ಕ ಬಾಗಿಲಲ್ಲೇ ಇರುವಾಗ ದುಡ್ಡು ಕೊಟ್ಟು ಪರದೇಶಿ ಗಿಡ ತರುವುದು ಯಾವ ಜಾಣತನ?

ವಾಸ್ತು ಹೇಳುವವರು ಹಾಲು ಬರುವ ಗಿಡ ಮನೆಯ ಬಳಿ ಬೇಡವೆನ್ನುತ್ತಾರೆ. ಪಾಳುಮನೆಯಲ್ಲಿ ಎಕ್ಕ ಹುಟ್ಟುತ್ತದೆಯೇ ಹೊರತು ಎಕ್ಕ ಹುಟ್ಟಿ ಮನೆ ಪಾಳಾಗುವುದಿಲ್ಲ. ಇನ್ನೊಂದು ಆಕ್ಷೇಪ ಮಾತ್ರ ಒಪ್ಪತಕ್ಕದ್ದೇ: ಎಕ್ಕದ ಹಾಲು ವಿಷ, ಕಣ್ಣಿಗೆ ಬಿದ್ದರೆ ದೊಡ್ಡ ಅಪಾಯ. ಪುಟ್ಟ ಮಕ್ಕಳಿರುವ ಮನೆಯಲ್ಲಿ ಬೇಡ. ಉಳಿದವರು ಕಾಂಪೌಂಡಿನ ಮೂಲೆಯಲ್ಲಿರುವುದನ್ನು ಬಿಡಿ. ಮುಟ್ಟಿದರೆ ಕೈ ತೊಳೆಯಿರಿ. ಎಲೆ ತೂತಾದರೆ ಗಾಬರಿಯಾಗಬೇಡಿ, ಮರಿಗಳು ಊಟಕ್ಕೆ ಕೂತಿವೆಯೆಂದು ತಿಳಿಯಿರಿ.

ಪ್ಲೇನ್ ಟೈಗರ್ ಇಂದು ಅಪರೂಪದ ಚಿಟ್ಟೆಯೇನಲ್ಲ. ಆದರೆ ಖಾಲಿ ಸೈಟುಗಳೆಲ್ಲ ಮನೆಗಳಾಗುತ್ತಿರುವ ನಮ್ಮ ಊರುಗಳಲ್ಲಿ ಎಕ್ಕಕ್ಕೆ ಉಳಿದಿರುವ ಜಾಗವಾದರೂ ಎಷ್ಟು? ಅಪರೂಪವಾದ ಮೇಲೆ ಅಳುವುದಕ್ಕಿಂತ, ತಾನಾಗಿ ಹುಟ್ಟಿದ್ದನ್ನು ಕೀಳದೆ ಇರುವುದು ಸುಲಭ. ಅದಕ್ಕೆ ಖರ್ಚೂ ಇಲ್ಲ.